ಕಾಣೆಯಾದವಳ ಕಡತಕ್ಕೂ ಗುರುತಿಲ್ಲದ ಶವದ ಕಡತಕ್ಕೂ ಎಷ್ಟು ದೂರ? ಗೃಹ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಗೃಹ ಸಚಿವರಿಗೆ ನಮಸ್ಕಾರ.

ನಾನು ಬಂಟ್ವಾಳ ತಾಲೂಕಿನವಳು. ಸೈನೈಡ್ ಮೋಹನ ಅಂದರೆ ಯಾರು ಅಂತ ಇಡೀ ರಾಜ್ಯಕ್ಕೆ ಗೊತ್ತು. ಶಾಲೆಯಲ್ಲಿ ಮಾಸ್ಟ್ರಾಗಿದ್ದವನು. 2003ರಿಂದ 2009ರ ನಡುವೆ 20 ಹೆಣ್ಣುಮಕ್ಕಳನ್ನು ಕೊಂದವನು. ಅವನ ಬಗ್ಗೆ ಬರೆದದ್ದು ಜಾಸ್ತಿಯೇ ಆಯಿತು. ನನ್ನ ಸಂಕಟ ಆ 20 ಮಂದಿಯದ್ದು.

ನಮ್ಮ ಕಡೆ ಮನೆಮನೆಯಲ್ಲೂ ಬೀಡಿ ಕಟ್ಟುತ್ತಾರಲ್ವಾ, ಹೆಚ್ಚಿನವರು ಅಂಥ ಬಡ ಮನೆಗಳವರು. ವರದಕ್ಷಿಣೆಗೆ ದುಡ್ಡಿಲ್ಲದೆ ಮದುವೆ ಮುಂದಕ್ಕೆ ಹೋಗುತ್ತಲೇ ಇತ್ತು. ಏನೂ ಬೇಡ, ನೀನು ಬಂದರೆ ಸಾಕು ಅಂದವನನ್ನು ನಂಬಿದರು. ಇದ್ದ ಒಳ್ಳೆ ಸೀರೆ ಉಟ್ಟು, ಇದ್ದ ಚೂರು ಚಿನ್ನ ಹಾಕಿಕೊಂಡು ಬಸ್ ಹತ್ತಿದರು. ಮರುದಿನ ಬೆಳಗ್ಗೆ ಚಿನ್ನವನ್ನು ಲಾಡ್ಜಿನಲ್ಲೇ ಬಿಡಿಸಿ, ಬಸ್ ನಿಲ್ದಾಣಕ್ಕೆ ಕರೆತಂದು, ಗರ್ಭ ನಿಲ್ಲದ ಹಾಗೆ ಅಂತ ಒಂದು ಮಾತ್ರೆ ಕೊಡುತ್ತಿದ್ದ. ಶೌಚಾಲಯದೊಳಗೆ ಹೋಗಿ ನುಂಗು ಎನ್ನುತ್ತಿದ್ದ. ಅದರಲ್ಲಿದ್ದದ್ದು ಸೈನೈಡ್ ವಿಷ. ಅವರೇ ಹಾಕಿಕೊಂಡ ಚಿಲಕದ ಹಿಂದೆ ಸತ್ತುಬಿದ್ದರು.

ಮೈಸೂರು, ಹಾಸನ, ಮಡಿಕೇರಿ, ಬೆಂಗಳೂರು. ಬಾಗಿಲು ಒಡೆದು ಹೆಣ ತೆಗೆದರು. ಚಿಲಕ ಒಳಗಿನಿಂದ ಹಾಕಿದೆ, ಗುರುತು ಗೊತ್ತಿಲ್ಲ, ಅಸಹಜ ಸಾವು ಅಂತ ಬರೆದರು. ಮೈಮೇಲೆ ಒಳ್ಳೆ ಸೀರೆ ಇದೆ, ಒಡವೆ ಒಂದೂ ಇಲ್ಲ ಯಾಕೆ ಅಂತ ಊರೂರಿನ ಪೊಲೀಸರು ಕೂಡಿ ಯೋಚಿಸಲಿಲ್ಲ. ಇತ್ತ ನಮ್ಮೂರಲ್ಲಿ, ಯಾರ ಜೊತೆಗೋ ಓಡಿಹೋದಳು ಎಂಬ ಮಾತು.

2009ರ ಜೂನ್‌ನಲ್ಲಿ ನಮ್ಮ ತಾಲೂಕಿನ ಯುವತಿಯೊಬ್ಬಳು ಕಾಣೆಯಾದಾಗ ಅನ್ಯಕೋಮಿನವನ ಜೊತೆ ಹೋದಳೆಂದು ಗುಲ್ಲೆದ್ದಿತು. ಜನ ಠಾಣೆಯ ಮುಂದೆ ಸೇರಿದರು. ಆಮೇಲೆ ಪೊಲೀಸರು ಫೋನ್ ಕರೆಗಳ ಜಾಡು ಹಿಡಿದರು. ಅಕ್ಟೋಬರ್‌ನಲ್ಲಿ ಮೋಹನ ಸಿಕ್ಕಿಬಿದ್ದ. ಆ ತನಿಖೆ ಮಾಡಿದವರಿಗೆ ಕೈಮುಗಿಯುತ್ತೇನೆ. ಆದರೆ ಅಂಥ ಸುಳ್ಳು ಗುಲ್ಲು ಏಳದೆ ಇದ್ದಿದ್ದರೆ ಜಾಡು ಹಿಡಿಯುತ್ತಿದ್ದರಾ, ಸ್ವಾಮಿ?

ಕೆಲವು ವರ್ಷಗಳ ಹಿಂದೆ ಪಕ್ಕದ ಮನೆಯ ಅಕ್ಕನ ಮಗಳು ಸಂಜೆ ಮನೆಗೆ ಬರಲಿಲ್ಲ. ಅಕ್ಕನ ಜೊತೆ ನಾನೂ ಠಾಣೆಗೆ ಹೋಗಿದ್ದೆ. ಮನೆಯಲ್ಲಿ ಅವಳೊಬ್ಬಳದೇ ಫೋಟೋ ಇರಲಿಲ್ಲ. ಮದುವೆಯೊಂದರ ಗುಂಪು ಫೋಟೋದಿಂದ ಬೀಡಿ ಎಲೆ ಕತ್ತರಿಸುವ ಕತ್ತರಿಯಲ್ಲೇ ಅವಳ ಮುಖ ಕತ್ತರಿಸಿ ತಂದಿದ್ದರು. ಪಕ್ಕದಲ್ಲಿ ನಿಂತವರ ಅರ್ಧ ಭುಜ ಹಾಗೇ ಉಳಿದಿತ್ತು. ಠಾಣೆಯಲ್ಲಿದ್ದವರು ಅದನ್ನು ಮುಟ್ಟಲೂ ಇಲ್ಲ. "ಎರಡು ದಿನ ಕಾಯಿರಿ, ಬರ್ತಾಳೆ" ಅಂದರು. ನಾಲ್ಕನೇ ದಿನ ಬಂದಳು, ನಮ್ಮ ಪುಣ್ಯ. ಬಾರದೇ ಇದ್ದಿದ್ದರೆ ಆ ಫೋಟೋ ಯಾವ ಊರಿನ ಶವಾಗಾರ ತಲುಪುತ್ತಿತ್ತು?

ನಾನು ಕೇಳುವುದು ದೊಡ್ಡದೇನಲ್ಲ. ರಾಜ್ಯದ ಯಾವ ಮೂಲೆಯಲ್ಲಿ ಗುರುತಿಲ್ಲದ ಹೆಣ್ಣಿನ ಶವ ಸಿಕ್ಕರೂ, ಎಲ್ಲ ಜಿಲ್ಲೆಗಳ ಕಾಣೆಯಾದವರ ಪಟ್ಟಿಯ ಜೊತೆ ಒಂದು ವಾರದೊಳಗೆ ತಾಳೆ ನೋಡಲಿ. ನೋಡಿದ್ದೇನೆ ಅಂತ ಒಬ್ಬ ಅಧಿಕಾರಿ ಸಹಿ ಹಾಕಲಿ. ವಯಸ್ಸು 18 ದಾಟಿದೆ, ತಾನಾಗಿ ಹೋಗಿರಬೇಕು ಅಂತ ಯಾವ ಠಾಣೆಯೂ ತಾಯಿಯನ್ನು ವಾಪಸ್ ಕಳಿಸದಿರಲಿ.

ಇನ್ನೊಂದು. ಮೋಹನನಿಗೆ 2013ರಲ್ಲಿ ಮೊದಲ ಶಿಕ್ಷೆಯಾಯಿತು, ಕೊನೆಯ ಕೇಸಿನ ತೀರ್ಪು ಬರುವಾಗ 2020. ನಡುವೆ ಎಷ್ಟು ಅಪ್ಪ ಅಮ್ಮಂದಿರು ಸಾಕ್ಷಿ ಹೇಳಲು ಕೆಲಸ ಬಿಟ್ಟು ಮಂಗಳೂರಿನ ಕೋರ್ಟಿಗೆ ಅಲೆದರು! ಸಂತ್ರಸ್ತರಿಗೆ ಪರಿಹಾರ ಕೊಡುವ ಯೋಜನೆ ನಮ್ಮ ರಾಜ್ಯದಲ್ಲಿ 2011ರಿಂದಲೂ ಇದೆ. ಆ 20 ಮನೆಗಳಲ್ಲಿ ಎಷ್ಟಕ್ಕೆ ಅದು ತಲುಪಿದೆ? ಸದನದಲ್ಲಿ ಲೆಕ್ಕ ಕೊಡಿ. ತಲುಪದಿದ್ದರೆ ನಿಮ್ಮ ಅಧಿಕಾರಿಗಳನ್ನೇ ಆ ಮನೆ ಬಾಗಿಲಿಗೆ ಕಳಿಸಿ.

ಇಂತಿ,
ಬಂಟ್ವಾಳ ತಾಲೂಕಿನ ಒಬ್ಬ ಹೆಣ್ಣುಮಗಳು