ಇಲ್ಲದ ಬ್ಯಾಂಡಿಗೆ ಆಹ್ವಾನ, ಇದ್ದವರಿಗೆ ಅಲೆದಾಟ

ಸಂಪಾದಕರಿಗೆ,

ಭಾನುವಾರದ ಸಿನಿಮಾ ಪ್ರದರ್ಶನದ ಬಗ್ಗೆ ನಿಮ್ಮ ಪತ್ರಿಕೆಯಲ್ಲಿ ಬಂದ ವರದಿ ಓದಿ, ಕೈಯಲ್ಲಿದ್ದ ಚಹಾ ಆರಲು ಬಿಟ್ಟು ಈ ಪತ್ರ ಬರೆಯುತ್ತಿದ್ದೇನೆ. ‘ದಿ ವಂಡರ್ಸ್ ತಂಡವನ್ನು ಬೆಳಗಾವಿಗೆ ಕರೆಸುತ್ತೇವೆ’ ಎಂದು ಅಧಿಕಾರಿಗಳು ಹೇಳಿದರು. ನಾನೂ ಅಲ್ಲೇ ಕುಳಿತಿದ್ದೆ. ನೀವು ಅದನ್ನೇ ತಲೆಬರಹ ಮಾಡಿದ್ದೀರಿ. ಎಲ್ಲಿಂದ ಕರೆಸುತ್ತಾರೆ, ಸ್ವಾಮಿ? ಅಂಥ ತಂಡವೇ ಇಲ್ಲ. ಟಾಮ್ ಹ್ಯಾಂಕ್ಸ್ 1996ರಲ್ಲಿ ತಮ್ಮ ‘ದಟ್ ಥಿಂಗ್ ಯು ಡೂ’ ಚಿತ್ರಕ್ಕಾಗಿ ಹುಟ್ಟಿಸಿದ ಹೆಸರು ಅದು. ಕಥೆ ನಡೆಯುವುದು 1964ರಲ್ಲಿ, ಅಮೆರಿಕದ ಈರಿ ಎಂಬ ಊರಿನಲ್ಲಿ. ಒಬ್ಬ ಡ್ರಮ್ಮರ್ ನಿಧಾನದ ಹಾಡೊಂದನ್ನು ಜೋರು ಲಯಕ್ಕೆ ಎಳೆಯುತ್ತಾನೆ, ಹುಡುಗರು ರಾತ್ರೋರಾತ್ರಿ ಹೆಸರು ಮಾಡುತ್ತಾರೆ, ಅಷ್ಟೇ ಬೇಗ ಚದುರಿ ಹೋಗುತ್ತಾರೆ.

ಐದು ಗಂಟೆ ಎಂದು ಕರೆದಿದ್ದರು. ಮಂಡಿನೋವಿನ ಹೆಂಡತಿಯನ್ನು ಕರೆದುಕೊಂಡು ಮಳೆಯಲ್ಲಿ ವಡಗಾಂವದಿಂದ ನಾಲ್ಕೂಮುಕ್ಕಾಲಿಗೇ ತಲುಪಿದೆವು. ಮುಖ್ಯ ಅತಿಥಿಗಳು ಬಂದದ್ದು ಆರೂ ನಲವತ್ತಕ್ಕೆ. ಆಮೇಲೆ ದೀಪ, ಹಾರ, ಶಾಲು, ಭಾಷಣ. ಮುಂದಿನ ಎರಡು ಸಾಲು ಅತಿಥಿಗಳಿಗೆಂದು ಕಾದಿರಿಸಿ ಖಾಲಿಯೇ ಬಿಟ್ಟಿದ್ದರು. ನಾವು ಚಾವಣಿ ಸೋರುವ ಮೂಲೆಯಲ್ಲಿ ಒಂದೇ ಕೊಡೆಯ ಕೆಳಗೆ ಕುಳಿತೆವು. ಕುಡಿಯುವ ನೀರಿನ ಡ್ರಮ್ಮಿಗೆ ಲೋಟವಿರಲಿಲ್ಲ. ಚಿತ್ರ ಮುಗಿದ ಮೇಲೆ ಎರಡನೆಯ ಭಾಷಣ ಬೇರೆ. ಬಸ್ ತಪ್ಪಿತು. ಆಟೊದವನು ಇನ್ನೂರೈವತ್ತು ಕೇಳಿದ, ಕೊಟ್ಟೆ.

ಇಷ್ಟನ್ನೂ ಸಹಿಸಿಕೊಳ್ಳುತ್ತಿದ್ದೆ. ಆದರೆ ಕೊನೆಯಲ್ಲಿ ಮಾಡಿದ್ದನ್ನು ಮಾತ್ರ ಸಹಿಸಲಾರೆ. ಆ ನಾಲ್ವರು ಮುಂದೆ ಏನಾದರು ಎಂದು ಚಿತ್ರದ ಕೊನೆಗೆ ಬರಹದಲ್ಲಿ ತೋರಿಸುತ್ತಾರೆ. ನಿಜವಾಗಿ ಬಾಳಿದವರೇನೋ ಎನಿಸುವುದು ಅದರಿಂದಲೇ. ಅದಾದ ಮೇಲೆ ಕೆಲಸ ಮಾಡಿದವರ ಹೆಸರುಗಳು ಬರಬೇಕು. ಅಷ್ಟರಲ್ಲಿ ದೀಪ ಹಾಕಿ, ಯಂತ್ರ ನಿಲ್ಲಿಸಿ, ಅಧಿಕಾರಿಗಳ ಕೈಗೆ ಮೈಕ್ ಕೊಟ್ಟರು. ಒಂದೆರಡು ನಿಮಿಷ ತಡೆದಿದ್ದರೆ ಆ ಹಾಡು ಬರೆದ ಆ್ಯಡಮ್ ಶ್ಲೆಸಿಂಗರ್ ಹೆಸರು ಪರದೆಯ ಮೇಲೆ ಬರುತ್ತಿತ್ತು. ಆಸ್ಕರ್‌ಗೆ ನಾಮನಿರ್ದೇಶನಗೊಂಡ ಹಾಡು ಅದು. ಬರೆದವರು 2020ರಲ್ಲಿ ಕೊರೊನಾದಿಂದ ತೀರಿಕೊಂಡರು. ಪರದೆಯ ಮೇಲೆ ತುಟಿ ಆಡಿಸಿದವನೊಬ್ಬ, ಹಾಡಿದವರು ಮೈಕ್ ವಯೋಲಾ. 1983ರ ‘ಎಡ್ಡಿ ಆ್ಯಂಡ್ ದಿ ಕ್ರೂಸರ್ಸ್’ ಚಿತ್ರದ್ದೂ ಇದೇ ಕಥೆ: ಮುಖ ಮೈಕೆಲ್ ಪಾರೆಯದು, ಕಂಠ ಜಾನ್ ಕ್ಯಾಫರ್ಟಿಯದು. ಡಬ್ಲಿನ್ ಹುಡುಗರ ‘ದಿ ಕಮಿಟ್‌ಮೆಂಟ್ಸ್’ ಚಿತ್ರದಲ್ಲಿ ಮಾತ್ರ ಹದಿಹರೆಯದ ಆ್ಯಂಡ್ರೂ ಸ್ಟ್ರಾಂಗ್ ತಾನೇ ನಟಿಸಿ ತಾನೇ ಹಾಡಿದ. ಆ ಕಂಠವನ್ನು ಒಮ್ಮೆ ಕೇಳಿದವರು ಮರೆಯುವುದಿಲ್ಲ. ತಂಡ ಕಟ್ಟುಕಥೆಯಾಗಿರಬಹುದು, ದುಡಿದವರ ಬೆವರು ಕಟ್ಟುಕಥೆಯಲ್ಲ.

ನನಗೆ ಇಷ್ಟು ಉರಿಯುವುದಕ್ಕೆ ಕಾರಣವಿದೆ. ನಮ್ಮ ಅಪ್ಪ ಮೂವತ್ತು ವರ್ಷ ನಾಟಕ ಕಂಪನಿಗಳಲ್ಲಿ ಕಾಲುಪೇಟಿ ನುಡಿಸಿದರು. ಕಲಾವಿದರ ಮಾಸಾಶನಕ್ಕೆ ಅರ್ಜಿ ಹಾಕಿದಾಗ ಕಚೇರಿಯಲ್ಲಿ ದಾಖಲೆ ಕೇಳಿದರು. ಕರಪತ್ರ ಒಯ್ದೆವು. ಅದರಲ್ಲಿ ನಟನಟಿಯರ ಹೆಸರಿತ್ತು. ಪೇಟಿ ಮಾಸ್ತರರ ಹೆಸರನ್ನು ಆಗ ಯಾರು ಹಾಕುತ್ತಿದ್ದರು? ಫೋಟೊ ತನ್ನಿರಿ ಎಂದರು. ಮುಂದಿನ ಸಲ ಹೋದಾಗ ಆ ಮೇಜಿನವರು ವರ್ಗವಾಗಿದ್ದರು, ಕಡತ ಸಿಗಲಿಲ್ಲ. ಮೂರನೆಯ ಸಲ ಹೋಗುವ ಹೊತ್ತಿಗೆ ಅಪ್ಪ ಇರಲಿಲ್ಲ. ಕಣ್ಣೆದುರು ಕುಳಿತು ನುಡಿಸಿ ತೋರಿಸುತ್ತೇನೆ ಎಂದವರಿಗೆ ಸಿಗದ ಮನ್ನಣೆ, ಭೂಮಿಯ ಮೇಲೆ ಇಲ್ಲದ ತಂಡಕ್ಕೆ ಒಂದೇ ಭಾಷಣದಲ್ಲಿ ಸಿಕ್ಕಿತಲ್ಲ! ಇವರ ಬಳಿ ಯಾವ ದಾಖಲೆ ಕೇಳಿದಿರಿ?

ಏಣಗಿ ಬಾಳಪ್ಪನವರಂಥ ರಂಗಕರ್ಮಿಯನ್ನು ಕೊಟ್ಟ ಜಿಲ್ಲೆ ಇದು. ಇಲ್ಲಿ ಸಂಗೀತದ ಕಾರ್ಯಕ್ರಮಕ್ಕೆ ಬರುವವರು ಬರುವ ಮುನ್ನ ಹತ್ತು ನಿಮಿಷ ಓದಿಕೊಳ್ಳಬಾರದೇ? ವರದಿ ಬರೆದವರಾದರೂ ಯಾರನ್ನಾದರೂ ಕೇಳಬಾರದಿತ್ತೇ?

ನೀವು ತಿದ್ದುಪಡಿ ಪ್ರಕಟಿಸಬೇಕು, ಒಳಪುಟದ ಮೂಲೆಯಲ್ಲಲ್ಲ, ಆ ತಲೆಬರಹ ಇದ್ದ ಜಾಗದಲ್ಲೇ. ಅಧಿಕಾರಿಗಳು ಆ ಚಾವಣಿಯನ್ನು ಸರಿಪಡಿಸಲಿ, ಮಾಸಾಶನದ ಹಳೆಯ ಕಡತಗಳನ್ನು ಹುಡುಕಲಿ. ಐದು ಗಂಟೆ ಎಂದರೆ ಐದಕ್ಕೇ ಬರಲಿ. ಬರಲಾಗದಿದ್ದರೆ ಮನೆಯಲ್ಲೇ ಇರಲಿ, ನಾವು ಕೊನೆಯ ಹೆಸರಿನವರೆಗೆ ಸಿನಿಮಾ ನೋಡಿಕೊಳ್ಳುತ್ತೇವೆ.

– ಪೇಟಿ ಮಾಸ್ತರರ ಮಗ, ವಡಗಾಂವ, ಬೆಳಗಾವಿ