ತಪ್ಪು ತೋರಿಸಿದವರಿಗೆ ನಮಸ್ಕಾರ: ಆಸ್ಟ್ರೇಲಿಯಾದ ದೈತ್ಯಪ್ರಾಣಿಗಳ ಚಿತ್ರಪಟ ಮುಗಿದ ಹೊತ್ತಿಗೆ

ಆಸ್ಟ್ರೇಲಿಯಾ ಖಂಡದ ದೈತ್ಯಪ್ರಾಣಿಗಳ ಮೇಲಿನ, ಗೋಡೆಗೆ ಅಂಟಿಸುವ ಕನ್ನಡ ಚಿತ್ರಪಟಗಳ (ಪೋಸ್ಟರ್‌ಗಳ) ಮಾಲೆ ಪೂರ್ತಿಯಾಯಿತು. ಅಳಿದುಹೋದವು, ಈಗಲೂ ಬದುಕಿರುವವು, ಎರಡೂ ಸೇರಿ ಒಟ್ಟು 20 ಪಟ. ಕರಡು ನೋಡಿ ‘ಚೆನ್ನಾಗಿದೆ’ ಎಂದವರಿಗೆಲ್ಲ ವಂದನೆ. ಆದರೆ ಈ ಬರಹ ‘ಇದು ಸರಿಯಿಲ್ಲ’ ಎಂದು ಬರೆದು ಕಳಿಸಿದವರಿಗಾಗಿ. ಹೆಸರು ಹಾಕಬೇಡಿ ಎಂದು ಹೆಚ್ಚಿನವರು ಕೇಳಿಕೊಂಡಿದ್ದಾರೆ. ಹಾಗಾಗಿ ಹೆಸರಿನ ಬದಲು ಅವರು ತಿದ್ದಿದ್ದು ಏನು, ಯಾಕೆ ಎಂಬುದನ್ನೇ ಇಲ್ಲಿ ಬರೆದಿಡುತ್ತಿದ್ದೇವೆ.

ಮೊದಲ ನಮಸ್ಕಾರ ತೂಕದ ಲೆಕ್ಕ ಕೇಳಿದವರಿಗೆ. ಅಳಿದುಹೋದ ಡೈಪ್ರೊಟೊಡಾನ್ ಎಂಬ ಪ್ರಾಣಿಯ ಪಟದ ಕರಡಿನಲ್ಲಿ ‘ಆನೆಗಾತ್ರದ ಪ್ರಾಣಿ’ ಎಂದಿತ್ತು. ಯಾವ ಆನೆ, ಎತ್ತರದಲ್ಲೋ ತೂಕದಲ್ಲೋ ಎಂಬ ಪ್ರಶ್ನೆ ಬಂತು. ನ್ಯಾಯವಾದ ಪ್ರಶ್ನೆ. ಕಾಂಗರೂವಿನಂತೆ ಮರಿಯನ್ನು ಚೀಲದಲ್ಲಿ ಸಾಕುವ, ಈವರೆಗೆ ಗೊತ್ತಿರುವ ಹೊಟ್ಟೆಚೀಲದ ಪ್ರಾಣಿಗಳಲ್ಲೆಲ್ಲ ದೊಡ್ಡದು ಇದು. ಬಿಲ ತೋಡುವ ವೊಂಬ್ಯಾಟ್ ಮತ್ತು ಮರದ ಮೇಲಿರುವ ಕೋಆಲಾಗಳ ದೂರದ ನೆಂಟ. ಮುಂಗಾಲು, ಹಿಂಗಾಲುಗಳ ಮೇಲ್ಮೂಳೆಯ ಸುತ್ತಳತೆಯಿಂದ ಹಾಕಿದ ಲೆಕ್ಕದಲ್ಲಿ ದೊಡ್ಡದೊಂದು ಸುಮಾರು 2,700 ಕಿಲೋ ತೂಗುತ್ತದೆ. ಅದು ನಮ್ಮ ಕಾಡಿನ ಹೆಣ್ಣಾನೆಯ ತೂಕ. ಆದರೆ ಹೆಗಲೆತ್ತರ 1.8 ಮೀಟರ್, ಅಂದರೆ ಒಂದು ಮಾರು. ಉದ್ದ 3 ಮೀಟರ್ ದಾಟುತ್ತದೆ. ಆನೆಯ ಭಾರವನ್ನು ಕಾಟಿಯ ಎತ್ತರಕ್ಕೆ ಅದುಮಿದಂಥ ಮೈ. ‘ಆನೆಗಾತ್ರ’ ಎಂದಾಗ ಮಕ್ಕಳ ಕಣ್ಣಿಗೆ ಕಟ್ಟುವುದು ಈ ಪ್ರಾಣಿಯಲ್ಲ. ಆ ಪದ ತೆಗೆದೆವು.

ಈ ಅಳತೆಯನ್ನು ಶಾಲೆಯ ಅಂಗಳದಲ್ಲಿ ಬಿಡಿಸುವ ದಾರಿ ತೋರಿಸಿದ್ದು ರಂಗೋಲಿ ಹಾಕುವವರು. ದೊಡ್ಡ ಬಟ್ಟೆಯ ಮೇಲೆ ಅಚ್ಚು ಹಾಕಿಸುವ ಖರ್ಚು ಬೇಡ, ಚುಕ್ಕಿ ಇಟ್ಟುಬಿಡಿ ಎಂದರು. ಅದೀಗ ಪಟದ ಬೆನ್ನಿಗೇ ಅಚ್ಚಾಗಿದೆ: ಒಂದಕ್ಕೆ ಹತ್ತರ ಅಳತೆಯ ಪಕ್ಕನೋಟದ ಚಿತ್ರದ ಮೇಲೆ 2.5 ಸೆಂ.ಮೀ. ಚೌಕಗಳು, ನೆಲದ ಮೇಲೆ 25 ಸೆಂ.ಮೀ.ಗೊಂದು ಚುಕ್ಕಿ, ಸಾಲಿಗೆ 13 ಚುಕ್ಕಿಯಂತೆ 9 ಸಾಲು. ಎಲ್ಲರೂ ಎಡವುವುದು ಇಲ್ಲೇ. 3 ಮೀಟರಿಗೆ 12 ಮನೆ, ಆದರೆ ಚುಕ್ಕಿ 13. ಹನ್ನೆರಡೇ ಚುಕ್ಕಿ ಇಟ್ಟರೆ ಪ್ರಾಣಿ 2.75 ಮೀಟರಿಗೆ ಕುಗ್ಗುತ್ತದೆ. ನೆಲದ ಸಾಲನ್ನು ಒಂದು ಎಂದು ಎಣಿಸಿ, ಎಂಟನೆಯ ಸಾಲಿಗಿಂತ 5 ಸೆಂ.ಮೀ. ಮೇಲೆ ಹೆಗಲು ಬರಬೇಕು. ಮೂಲೆ ನೇರವಾಗಿದೆಯೇ ಎಂದು ನೋಡಲು ಒಂದು ಬದಿಯಲ್ಲಿ 1.5 ಮೀಟರ್, ಇನ್ನೊಂದರಲ್ಲಿ 2 ಮೀಟರ್ ಗುರುತು ಮಾಡಿ. ಓರೆಯಾಗಿ ಅಳೆದರೆ 2.5 ಮೀಟರ್ ಸಿಗಬೇಕು. ಸಿಗದಿದ್ದರೆ ಡೈಪ್ರೊಟೊಡಾನ್ ಮುಂದಕ್ಕೆ ವಾಲಿ ನಿಲ್ಲುತ್ತದೆ. ನೈಲಾನ್ ಹಗ್ಗದಲ್ಲಿ ಅಳೆಯಬೇಡಿ, ಎಳೆದಷ್ಟೂ ಹಿಗ್ಗುತ್ತದೆ, ಟೇಪೇ ಆಗಬೇಕು. ಫೋಟೊ ನೋಡಿ ಗೆರೆ ಎಳೆಯುವುದೂ ಬೇಡ. ಕ್ಯಾಮೆರಾಕ್ಕೆ ಹತ್ತಿರವಿರುವ ತಲೆ ಅದರಲ್ಲಿ ಯಾವಾಗಲೂ ಇರಬೇಕಾದ್ದಕ್ಕಿಂತ ದೊಡ್ಡದು.

ದಕ್ಷಿಣ ಆಸ್ಟ್ರೇಲಿಯಾದ ಕ್ಯಾಲಬೊನಾ ಕೆರೆಯ ಪಟವನ್ನು ಉಳಿಸಿಕೊಟ್ಟವರು ಪಳೆಯುಳಿಕೆ ಅಗೆಯುವ ಕೆಲಸ ಬಲ್ಲವರು. ಅದು ಹೆಸರಿಗಷ್ಟೇ ಕೆರೆ. ವರ್ಷದ ಬಹುಪಾಲು ಒಣಗಿದ ಉಪ್ಪಿನ ಬಯಲು. 1893ರಲ್ಲಿ ಅಡಿಲೇಡಿನ ವಸ್ತುಸಂಗ್ರಹಾಲಯದವರು ಅಲ್ಲಿ ಅಗೆದಾಗ ಹಲವಾರು ಡೈಪ್ರೊಟೊಡಾನ್‌ಗಳು ಸಿಕ್ಕವು. ನಮ್ಮ ಕರಡಿನಲ್ಲಿ ‘ಬರಗಾಲದಲ್ಲಿ ಸತ್ತವು’ ಎಂದಷ್ಟೇ ಇತ್ತು. ಮೂಳೆಗಳು ಬಿದ್ದಿರುವ ರೀತಿ ನೋಡಿ ಎಂದು ಅವರು ಬರೆದರು. ಕಾಲುಗಳು ಕೆಸರಿನ ಆಳದಲ್ಲಿ ನಿಂತಂತೆಯೇ ಇವೆ, ಮುಂಡ ಮೇಲಿದೆ. ಕೆರೆಯ ಒಣಗಿದ ಮೇಲ್ಪದರಕ್ಕೆ ಕಾಲಿಟ್ಟ ಪ್ರಾಣಿಯ ಭಾರಕ್ಕೆ ಆ ಪದರ ಒಡೆದಿದೆ, ಕೆಳಗಿನ ಹಸಿ ಜೇಡಿ ಕಾಲನ್ನು ಹಿಡಿದುಕೊಂಡಿದೆ. ನೀರು ಇಂಗಿದ ಕೆರೆಯಂಗಳದಲ್ಲಿ ಎಮ್ಮೆ ಹೂತುಕೊಂಡದ್ದನ್ನು ನೋಡಿದವರಿಗೆ ಇದಕ್ಕಿಂತ ಹೆಚ್ಚು ವಿವರಿಸಬೇಕಿಲ್ಲ.

ಇಂಥ ಮೂಳೆಯನ್ನು ಹೊರತೆಗೆಯುವ ಕ್ರಮವನ್ನೂ ಅವರೇ ತಿದ್ದಿದರು. ಮೊದಲು ಸುತ್ತ ಕಾಲುವೆ ತೋಡಿ, ಮೂಳೆಯನ್ನು ಅಣಬೆಯ ತಲೆಯಂತೆ ಮಣ್ಣಿನ ಕಂಬದ ಮೇಲೆ ಉಳಿಸಬೇಕು. ಅದರ ಮೇಲೆ ಒದ್ದೆ ಟಿಶ್ಯೂ ಕಾಗದದ ಪದರ. ಆಮೇಲೆ ಪ್ಲಾಸ್ಟರ್ ಆಫ್ ಪ್ಯಾರಿಸ್‌ನಲ್ಲಿ ಅದ್ದಿದ ಗೋಣಿಪಟ್ಟಿಗಳನ್ನು ಒಂದರ ಮೇಲೊಂದು ಅರ್ಧರ್ಧ ಏರುವಂತೆ ಸುತ್ತಬೇಕು. ಮೂಳೆ ದೊಡ್ಡದಾದರೆ ನಡುವೆ ಮರದ ಪಟ್ಟಿ ಕೊಡಬೇಕು. ಗಟ್ಟಿಯಾದ ಮೇಲೆ ಕಂಬವನ್ನು ಅಡಿಯಿಂದ ಕೊರೆದು, ಒಂದೇ ಸಲಕ್ಕೆ ಮಗುಚಿ, ಕೆಳಮೈಗೂ ಹಾಗೆಯೇ ಕಟ್ಟಬೇಕು. ಕರಡಿನಲ್ಲಿ ಟಿಶ್ಯೂ ಕಾಗದವೇ ಬಿಟ್ಟುಹೋಗಿತ್ತು. ಅದಿಲ್ಲದಿದ್ದರೆ ಪ್ಲಾಸ್ಟರ್ ಮೂಳೆಗೇ ಅಂಟಿ, ಬಿಡಿಸುವಾಗ ಮೇಲ್ಪದರ ಎದ್ದುಬರುತ್ತದೆ. ಅಡಿಯ ಕೊರೆತ ಸಾಲದಿದ್ದರೆ ಮಗುಚುವಾಗ ಮಣ್ಣಿನ ಜೊತೆ ಮೂಳೆಯೂ ಉದುರುತ್ತದೆ. ಉಪ್ಪುಕೆರೆಯ ಮೂಳೆಗೆ ಇನ್ನೊಂದು ಗಂಡಾಂತರ: ಬಿಸಿಲಲ್ಲಿ ಬೇಗ ಒಣಗಿದರೆ ಒಳಗಿನ ಉಪ್ಪು ಹರಳುಗಟ್ಟಿ ಮೂಳೆಯನ್ನು ಸೀಳಿಬಿಡುತ್ತದೆ.

ಅತಿ ಹೆಚ್ಚು ಪತ್ರ ಬಂದದ್ದು ದೈತ್ಯ ಉಡದ ಬಗ್ಗೆ. ಇಂಗ್ಲೆಂಡಿನ ಪ್ರಾಣಿಶಾಸ್ತ್ರಜ್ಞ ರಿಚರ್ಡ್ ಓವನ್ 1859ರಲ್ಲಿ ಮೆಗಲೇನಿಯಾ ಎಂದು ಹೆಸರಿಟ್ಟ, ಈಗ ವರಾನಸ್ ಪ್ರಿಸ್ಕಸ್ ಎಂದು ಕರೆಯುವ ಪ್ರಾಣಿ ಇದು. ನಾವು ‘7 ಮೀಟರ್’ ಎಂದು ಒಂದೇ ಅಂಕಿ ಬರೆದಿದ್ದೆವು. ಇದರ ಪೂರ್ತಿ ಅಸ್ಥಿಪಂಜರ ಯಾರಿಗೂ ಸಿಕ್ಕಿಲ್ಲ. ಸಿಕ್ಕಿರುವುದು ಬೆನ್ನುಮೂಳೆಯ ಮಣಿಗಳು, ಕಾಲಿನ ಕೆಲವು ಮೂಳೆ, ಹಲ್ಲು, ತಲೆಬುರುಡೆಯ ಚೂರು. ಬೆನ್ನುಮಣಿಯ ಗಾತ್ರದಿಂದ ಮುಂಡದ ಉದ್ದ ಊಹಿಸಬಹುದು. ಬಾಲ ಎಷ್ಟಿತ್ತು ಎನ್ನುವುದಕ್ಕೆ ಬದುಕಿರುವ ಯಾವುದಾದರೂ ಉಡವನ್ನು ಮಾದರಿಯಾಗಿ ಇಟ್ಟುಕೊಳ್ಳಬೇಕು. ಉದ್ದಬಾಲದ ಜಾತಿಯನ್ನು ಆರಿಸಿದರೆ ಒಂದು ಉತ್ತರ, ಕೊಮೊಡೊ ಉಡವನ್ನು ಆರಿಸಿದರೆ ಇನ್ನೊಂದು. ಹಾಗಾಗಿಯೇ ಪ್ರಕಟವಾದ ಅಂದಾಜುಗಳು ಮೂರೂವರೆ ಮೀಟರಿನಿಂದ ಏಳು ಮೀಟರಿನ ಆಚೆಗೂ ಚಾಚಿವೆ. ಈಗ ಪಟದಲ್ಲಿ ಮುಂಡಕ್ಕೆ ಗಟ್ಟಿ ಗೆರೆ, ಬಾಲಕ್ಕೆ ಚುಕ್ಕಿಗೆರೆ. ನಮ್ಮ ಮಟ್ಟಿಗೆ ಇಡೀ ಮಾಲೆಯಲ್ಲಿ ಅತ್ಯಂತ ಪ್ರಾಮಾಣಿಕವಾದ ಚಿತ್ರ ಅದೇ.

ಹೆಸರಿನ ಗೊಂದಲ ಬಿಡಿಸಿದವರ ಋಣವೂ ದೊಡ್ಡದು. ‘ಹೊಟ್ಟೆಚೀಲದ ಸಿಂಹ’ ಎಂದು ಕರೆಯುವ ಥೈಲಕೊಲಿಯೊ ಬೆಕ್ಕಿನ ಜಾತಿಗೆ ಸೇರಿದ್ದಲ್ಲ, ನಾಯಿಯದ್ದೂ ಅಲ್ಲ. ಸೊಪ್ಪು ತಿನ್ನುವ ವೊಂಬ್ಯಾಟ್, ಕೋಆಲಾಗಳ ಬಳಗದಿಂದ ಬಂದ ಮಾಂಸಾಹಾರಿ. ಕೋರೆಹಲ್ಲಿನ ಕೆಲಸವನ್ನು ಅದರ ಬಾಚಿಹಲ್ಲುಗಳು ಮಾಡುತ್ತಿದ್ದವು. ದವಡೆಯ ಎರಡೂ ಕಡೆ ಕತ್ತರಿಯಲಗಿನಂಥ ಒಂದೊಂದು ಉದ್ದಹಲ್ಲು. ಹೆಬ್ಬೆರಳಿಗೆ ದೊಡ್ಡ ಉಗುರು. 100 ಕಿಲೋ ತೂಗುವ ಇದರ ಕಚ್ಚುವ ಬಲ 250 ಕಿಲೋ ಸಿಂಹದ್ದಕ್ಕೆ ಸಮ ಎಂಬ ಲೆಕ್ಕವಿದೆ. ಕರಡಿನಲ್ಲಿ ಕಲಾವಿದರು ಹುಲಿಯಂತೆ ಎರಡು ಕೋರೆ ಬರೆದಿದ್ದರು. ಅಳಿಸಿದೆವು.

ಜೆನಿಯಾರ್ನಿಸ್ ಹಕ್ಕಿಯನ್ನು ‘ದೈತ್ಯ ಎಮು’ ಎಂದು ಬರೆದದ್ದು ಇನ್ನೂ ದೊಡ್ಡ ತಪ್ಪು. ಎರಡು ಮೀಟರ್ ಎತ್ತರ, 200 ಕಿಲೋ ಮೀರಿದ ತೂಕ, ಹಾರಲಾರದು. ಇಷ್ಟು ಕೇಳಿದರೆ ಎಮು ಎನಿಸುವುದು ಸಹಜ. ಕ್ಯಾಲಬೊನಾದಲ್ಲಿ 2019ರಲ್ಲಿ ಸಿಕ್ಕ ತಲೆಬುರುಡೆಯ ವಿವರ 2024ರಲ್ಲಿ ಪ್ರಕಟವಾದಾಗ ಅದರ ಮುಖ ಮೊದಲ ಬಾರಿಗೆ ಸರಿಯಾಗಿ ತಿಳಿಯಿತು. ಬಾತು, ಹೆಬ್ಬಾತುಗಳ ಕಡೆಯ ಹಕ್ಕಿ ಅದು. ಕೊಕ್ಕನ್ನು ಪೂರ್ತಿ ಹೊಸದಾಗಿ ಬರೆಸಬೇಕಾಯಿತು. ಹೆಸರು ತಪ್ಪಿದ್ದಕ್ಕೆ ನಾವೊಬ್ಬರೇ ನಾಚಬೇಕಿಲ್ಲ ಎಂದು ಒಬ್ಬರು ಸಮಾಧಾನವನ್ನೂ ಹೇಳಿದರು: 1873ರಲ್ಲಿ ದವಡೆಯ ಒಂದು ತುಂಡು ನೋಡಿ ಓವನ್ ಅದನ್ನು ದೊಡ್ಡ ಕಾಂಗರೂ ಎಂದುಕೊಂಡು ಪ್ಯಾಲೊರ್ಕೆಸ್ಟಿಸ್, ಅಂದರೆ ಪ್ರಾಚೀನ ನೆಗೆತಗಾರ ಎಂದು ಕರೆದಿದ್ದ. ಅದು ನೆಗೆಯುವ ಪ್ರಾಣಿಯೇ ಅಲ್ಲ, ಡೈಪ್ರೊಟೊಡಾನ್‌ನ ನೆಂಟ. ಹೆಸರು ಮಾತ್ರ ಹಾಗೇ ಉಳಿದಿದೆ. ಇನ್ನು ಪ್ರೊಕಾಪ್ಟೊಡಾನ್ ನಿಜವಾದ ಕಾಂಗರೂವೇ. ಎರಡು ಮೀಟರ್ ಎತ್ತರ, 230 ಕಿಲೋ ಆಸುಪಾಸು, ಹಿಂಗಾಲಿಗೆ ಒಂದೇ ಬೆರಳು. ಆದರೆ ಅದೂ ಅದರ ಬಳಗವೂ ಕುಪ್ಪಳಿಸುವುದಕ್ಕಿಂತ ಹೆಚ್ಚಾಗಿ ಎರಡು ಕಾಲಲ್ಲಿ ನಡೆಯುತ್ತಿದ್ದವು ಎಂದು ಮೂಳೆ ಅಳೆದವರು 2014ರಲ್ಲಿ ವಾದಿಸಿದ್ದಾರೆ. ಗಾಳಿಯಲ್ಲಿದ್ದ ನಮ್ಮ ಪ್ರೊಕಾಪ್ಟೊಡಾನ್ ಈಗ ನೆಲದ ಮೇಲಿದೆ.

ಬದುಕಿರುವವುಗಳ ಪಟಗಳಿಗೆ ತಿದ್ದುಪಡಿ ಕಡಿಮೆ ಬಂದವು. ಉಪ್ಪುನೀರಿನ ಮೊಸಳೆಗೆ ‘ತಲೆ ಒಂದು, ಮೈ ಏಳು’ ಎಂಬ ಅಂದಾಜು ಸೇರಿಸಿದ್ದೇವೆ: ತಲೆ 70 ಸೆಂ.ಮೀ. ಇದ್ದರೆ ಮೂತಿಯಿಂದ ಬಾಲದ ತುದಿಗೆ ಸುಮಾರು 4.9 ಮೀಟರ್. ಕ್ಯಾಸೊವರಿ ಹಕ್ಕಿಯ ಪಟದಲ್ಲಿ 12 ಸೆಂ.ಮೀ. ಉಗುರನ್ನೇ ದೊಡ್ಡದು ಮಾಡಿದ್ದೆವು. ಅದರ ಹೊಟ್ಟೆಯ ಬಗ್ಗೆ ಬರೆಯಿರಿ ಎಂದು ಸಸ್ಯಶಾಸ್ತ್ರದ ಅಧ್ಯಾಪಕರು ಹೇಳಿದರು. ಕ್ವೀನ್ಸ್‌ಲ್ಯಾಂಡ್ ಮಳೆಕಾಡಿನ ಒಂದು ಅಪರೂಪದ ಮರದ ಬೀಜ ಸುಮ್ಮನೆ ಬಿದ್ದರೆ ನೂರಕ್ಕೆ 4 ಮೊಳೆಯುತ್ತವೆ, ಈ ಹಕ್ಕಿಯ ಹೊಟ್ಟೆ ಹಾದುಬಂದರೆ 92. ಜನರ ಮೇಲೆ ಎರಗಿದ ಕ್ಯಾಸೊವರಿಗಳಲ್ಲಿ ಮುಕ್ಕಾಲು ಪಾಲು ಅದೇ ಜನರ ಕೈತಿಂಡಿ ಉಂಡು ರೂಢಿಯಾದವು ಎಂಬುದನ್ನೂ ಕೆಳಗೆ ಸೇರಿಸಿದೆವು.

ಆಗ್ನೇಯ ಆಸ್ಟ್ರೇಲಿಯಾದ ಗಿಪ್ಸ್‌ಲ್ಯಾಂಡಿನ ದೈತ್ಯ ಎರೆಹುಳದ ಪಟ ತಿದ್ದಿದ್ದು ಒಬ್ಬ ರೈತರು. ಮೂರು ಮೀಟರ್ ಎಂದರೆ ಎಳೆದಾಗಲೋ ಸುಮ್ಮನಿದ್ದಾಗಲೋ ಎಂದು ಕೇಳಿದರು! ಎರೆಹುಳು ಹಿಗ್ಗುವ ಪ್ರಾಣಿ, ಉದ್ದಕ್ಕೆ ಅರ್ಥವೇ ಕಡಿಮೆ. ಈಗ ‘ಸಾಮಾನ್ಯವಾಗಿ 1 ಮೀಟರ್, ದಪ್ಪ 2 ಸೆಂ.ಮೀ.’ ಎಂದಿದೆ. ಹಾರೆ, ಗುದ್ದಲಿ ತಗುಲಿ ತುಂಡಾದರೆ ಸಾಯುತ್ತದೆ, ಎರಡಾಗಿ ಬೆಳೆಯುವುದಿಲ್ಲ ಎಂಬ ಸಾಲು ಅವರದೇ ಸಲಹೆ.

‘ತಾಸ್ಮೇನಿಯಾದ ಹುಲಿ’ ಎಂದೂ ಕರೆಯುವ, ಅಳಿದುಹೋದ ಹೊಟ್ಟೆಚೀಲದ ಮಾಂಸಾಹಾರಿ ಥೈಲಸೀನ್‌ನ ಪಟದಲ್ಲಿ ತಾಸ್ಮೇನಿಯಾ ದ್ವೀಪದ ಸರ್ಕಾರ 1888ರಿಂದ 1909ರವರೆಗೆ ತಲೆಗೊಂದು ಪೌಂಡ್ ಇನಾಮು ಕೊಟ್ಟದ್ದು, 1936ರ ಸೆಪ್ಟೆಂಬರ್ 7ರಂದು ಹೋಬಾರ್ಟ್ ಮೃಗಾಲಯದಲ್ಲಿ ಕೊನೆಯದು ಸತ್ತದ್ದು ಮೊದಲೇ ಇದ್ದವು. ಕಾನೂನಿನ ರಕ್ಷಣೆ ಸಿಕ್ಕಿದ್ದು ಆ ಸಾವಿಗೆ ಕೇವಲ 59 ದಿನ ಮುಂಚೆ ಎಂಬುದನ್ನು ಓದುಗರೊಬ್ಬರು ಎಣಿಸಿ ಕಳಿಸಿದರು. ಆ ಕೊನೆಯ ಪ್ರಾಣಿ ಗಂಡಲ್ಲ, ಹೆಣ್ಣು. ಅದರ ಚರ್ಮ ಮತ್ತು ಮೂಳೆ ಹೋಬಾರ್ಟಿನ ವಸ್ತುಸಂಗ್ರಹಾಲಯದ ಕಪಾಟಿನಲ್ಲೇ ಇದ್ದದ್ದು 2022ರಲ್ಲಿ ತಿಳಿಯಿತು ಎಂಬ ತಿದ್ದುಪಡಿಯೂ ಅವರದೇ.

ದೈತ್ಯಪ್ರಾಣಿಗಳು ಅಳಿದದ್ದು ಮನುಷ್ಯರಿಂದಲೋ ಹವಾಮಾನದಿಂದಲೋ ಎಂಬ ಪಟಕ್ಕೆ ಎರಡೂ ಕಡೆಯವರು ಬೈದರು. ಅವುಗಳಲ್ಲಿ ಬಹಳಷ್ಟು ಸುಮಾರು 40,000 ವರ್ಷಗಳ ಹಿಂದಿನ ಹೊತ್ತಿಗೆ ಇಲ್ಲವಾಗಿದ್ದವು. ಮನುಷ್ಯರು ಅದಕ್ಕೂ ಸಾವಿರಾರು ವರ್ಷ ಮೊದಲೇ ಅಲ್ಲಿದ್ದರು. ಖಂಡದ ಒಣಗುವಿಕೆಯೂ ನಡೆದೇ ಇತ್ತು. ಇಷ್ಟು ಬರೆದು ತೀರ್ಪು ಕೊಡದೆ ನಿಲ್ಲಿಸಿದ್ದೇವೆ. ಬೈಗುಳಕ್ಕೂ ವಂದನೆ.

ನಾವು ದಿನವೂ ಆಡುವ ಕಾಂಗರೂ ಎಂಬ ಪದ ಗೂಗು ಯಿಮಿಥಿರ್ ಭಾಷೆಯದು, ಕೋಆಲಾ ಮತ್ತು ವೊಂಬ್ಯಾಟ್ ಧಾರುಗ್ ಭಾಷೆಯವು. ಆ ನೆಲದ ಮೂಲನಿವಾಸಿಗಳಿಂದ ಸಾಲ ತಂದ ಪದಗಳೆಂದು ಮೊದಲ ಪಟದಲ್ಲೇ ಕಾಣಿಸಿದ್ದೇವೆ.

ಕೊನೆಯದಾಗಿ ಡಿಟಿಪಿ ಮತ್ತು ಅಚ್ಚಿನ ಕೆಲಸದವರಿಗೆ. ಕ್ಯಾಸೊವರಿಯ ಉಗುರು ನಿಜಗಾತ್ರದಲ್ಲಿ 12 ಸೆಂ.ಮೀ. ಬರಬೇಕಿತ್ತು, ಮಾದರಿ ಪ್ರತಿಯಲ್ಲಿ 11ಕ್ಕೆ ಇಳಿದಿತ್ತು. ಪ್ರಿಂಟರಿನಲ್ಲಿ ‘ಫಿಟ್ ಟು ಪೇಜ್’ ಆಯ್ಕೆ ಹಾಗೇ ಉಳಿದಿತ್ತು ಎಂದು ಪತ್ತೆ ಮಾಡಿದವರು ಅವರೇ. ಈಗ ಪ್ರತಿ ಹಾಳೆಯ ಕೆಳಮೂಲೆಯಲ್ಲಿ 10 ಸೆಂ.ಮೀ. ಗೆರೆಯೊಂದಿದೆ. ನಿಮ್ಮೂರಲ್ಲಿ ಅಚ್ಚು ಹಾಕಿಸಿದರೆ ಗೋಡೆಗೆ ಅಂಟಿಸುವ ಮೊದಲು ಅದರ ಮೇಲೆ ಸ್ಕೇಲ್ ಇಟ್ಟು ನೋಡಿ. ಹತ್ತು ಬಾರದಿದ್ದರೆ ಹಾಳೆಯನ್ನು ವಾಪಸ್ ಕೊಡಿ.