ಗೇಟಿನ ಹೊರಗಿನಿಂದ ಕಂಡ ಕಾರ್ಖಾನೆ

ಮಾನ್ಯ ಸಂಪಾದಕರೇ,

ಯಂತ್ರಯುಗದ ಮೂಕಿ ಸಿನಿಮಾ ಎಂದೊಡನೆ ನಮ್ಮ ಪತ್ರಿಕೆಗಳ ಸಿನಿಮಾ ಪುಟಗಳು ಚಾಪ್ಲಿನ್ ಹೆಸರು ಹೇಳಿ ಮಾತು ಮುಗಿಸುತ್ತವೆ. ಅದೇ ಕಾಲದ ಜಪಾನಿನಲ್ಲಿ ಕಾರ್ಖಾನೆಯನ್ನು ಕೆಲಸ ಸಿಗದೆ ಹೊರಗೆ ನಿಂತವನ ಕಣ್ಣಿನಿಂದ ನೋಡಿದ ಚಿತ್ರಗಳು ಬಂದಿದ್ದವು. ಅವುಗಳ ಪ್ರಸ್ತಾಪ ಮಾತ್ರ ಅಪರೂಪ.

ಯಸುಜಿರೊ ಓಜು 1935ರಲ್ಲಿ ನಿರ್ದೇಶಿಸಿದ ‘ಆ್ಯನ್ ಇನ್ ಇನ್ ಟೋಕಿಯೊ’ ಚಿತ್ರವನ್ನೇ ನೋಡಬಹುದು. ಚಾಪ್ಲಿನ್ನರ ‘ಮಾಡರ್ನ್ ಟೈಮ್ಸ್’ ತೆರೆಗೆ ಬಂದದ್ದು ಇದರ ಮರುವರ್ಷ. ಲೇತ್ ಕೆಲಸ ಬಲ್ಲ ಕಿಹಾಚಿ ಇಬ್ಬರು ಗಂಡುಮಕ್ಕಳನ್ನು ಕಟ್ಟಿಕೊಂಡು ಟೋಕಿಯೊದ ಕೊತೊ ಕೈಗಾರಿಕಾ ಪ್ರದೇಶದಲ್ಲಿ ಕೆಲಸಕ್ಕಾಗಿ ಅಲೆಯುತ್ತಾನೆ. ಹೋದಲ್ಲೆಲ್ಲ ಗೇಟಿನಲ್ಲೇ ಅವನನ್ನು ಸಾಗಹಾಕುತ್ತಾರೆ. ನಮ್ಮ ಕಣ್ಣಿಗೆ ಬೀಳುವುದು ತಿರುಗುವ ಚಕ್ರಗಳಲ್ಲ, ಹುಲ್ಲು ಬೆಳೆದ ಬಯಲು, ದೂರದ ಗ್ಯಾಸ್ ಟ್ಯಾಂಕು, ಬಯಲಲ್ಲಿ ಬಿದ್ದ ಭಾರೀ ಕೇಬಲ್ ಉರುಳೆಗಳು. ಬೀದಿನಾಯಿಯನ್ನು ಹಿಡಿದುಕೊಟ್ಟರೆ ಸಿಗುವ ಕಾಸಿನಲ್ಲಿ ಅವರ ಊಟ ನಡೆಯಬೇಕು. ಹಸಿದ ಮಗ ಇಲ್ಲದ ಬಟ್ಟಲಿಗೆ ಇಲ್ಲದ ‘ಸಾಕೆ’ (ಜಪಾನಿನ ಅಕ್ಕಿ ಮದ್ಯ) ಬಗ್ಗಿಸಿ ಅಪ್ಪನಿಗೆ ಕೊಡುವುದು, ಅಪ್ಪ ಅದನ್ನು ಚಪ್ಪರಿಸಿ ಕುಡಿಯುವುದು, ಆಮೇಲೆ ಮೂವರೂ ಇಲ್ಲದ ಅನ್ನವನ್ನು ಉಣ್ಣುವುದು: ಆರ್ಥಿಕ ಕುಸಿತವನ್ನು ಇಷ್ಟು ಹತ್ತಿರದಿಂದ ತೋರಿಸಿದ ದೃಶ್ಯ ನನಗಂತೂ ಬೇರೆ ನೆನಪಾಗುವುದಿಲ್ಲ.

ಇದಕ್ಕಿಂತ ಗಟ್ಟಿ ದನಿಯ ಚಿತ್ರಗಳೂ ಇದ್ದವು. ಅನಾಥ ಹುಡುಗಿಯೊಬ್ಬಳನ್ನು ಸಮಾಜ ಬೆಂಕಿಯಿಡುವವರೆಗೆ ತಳ್ಳಿದ ಕಥೆಯನ್ನು ಶಿಗೆಯೋಶಿ ಸುಜುಕಿ 1930ರಲ್ಲಿ ಚಿತ್ರವಾಗಿಸಿದಾಗ ಜನ ಮುಗಿಬಿದ್ದು ನೋಡಿದರು. ಕಳೆದೇಹೋಗಿದೆ ಎಂದುಕೊಂಡಿದ್ದ ಅದರ ಪ್ರತಿ 1990ರ ದಶಕದಲ್ಲಿ ರಷ್ಯಾದಲ್ಲಿ ಸಿಕ್ಕಿತಾದರೂ ಮೊದಲ ಮತ್ತು ಕೊನೆಯ ರೀಲುಗಳು ಇರಲಿಲ್ಲ. 1929ರಿಂದ 1934ರವರೆಗೆ ಬಾಳಿದ ಪ್ರೊಕಿನೊ ಎಂಬ ಎಡಪಂಥೀಯ ಸಂಘಟನೆಯವರು ಸಣ್ಣ ಕ್ಯಾಮೆರಾ ಹಿಡಿದು ಮೇ ದಿನದ ಮೆರವಣಿಗೆಗಳನ್ನು ಚಿತ್ರೀಕರಿಸುತ್ತಿದ್ದರು.

ಆಧುನಿಕತೆಯ ಪೆಟ್ಟು ಸಿನಿಮಾದವರನ್ನೂ ಬಿಡಲಿಲ್ಲ. ಪರದೆಯ ಪಕ್ಕದಲ್ಲಿ ನಿಂತು ಕಥೆ ಹೇಳುತ್ತಿದ್ದ ಬೆನ್ಶಿಗಳು ಟಾಕಿಯಿಂದ ಅನ್ನ ಕಳೆದುಕೊಂಡು 1932ರಲ್ಲಿ ಮುಷ್ಕರ ಹೂಡಿದರು, ಸೋತರು. ಓಜು ದುಡಿಯುತ್ತಿದ್ದ ಶೋಚಿಕು ಕಂಪನಿ, ಸುತ್ತಲಿನ ಕಾರ್ಖಾನೆಗಳ ಸದ್ದು ಧ್ವನಿಮುದ್ರಣಕ್ಕೆ ಅಡ್ಡಿಯಾಗುತ್ತದೆಂದು ಕಮಾತಾದ ಸ್ಟುಡಿಯೊ ತೊರೆದು 1936ರಲ್ಲಿ ಓಫುನಾಕ್ಕೆ ಹೋಯಿತು. ಮೂಕಿಗಳ ಕಾಲದಲ್ಲಿ ಆ ಸದ್ದು ಯಾರಿಗೂ ಅಡ್ಡಿಯಾಗಿರಲಿಲ್ಲ!

ನಮ್ಮ ಚಿತ್ರಸಮಾಜಗಳು ಈ ಚಿತ್ರಗಳನ್ನು ತೋರಿಸುವ ಮನಸ್ಸು ಮಾಡಬೇಕು. ಬೆನ್ಶಿಯ ಜಾಗದಲ್ಲಿ ಒಬ್ಬರು ನಿಂತು ಕನ್ನಡದಲ್ಲಿ ಕಥೆ ಹೇಳಿದರೆ ಇಂಗ್ಲಿಷ್ ಉಪಶೀರ್ಷಿಕೆ ಓದುವ ತೊಡಕೂ ತಪ್ಪುತ್ತದೆ.

– ಒಬ್ಬ ಓದುಗ, ಮೈಸೂರು